ಅನ್ನ ಬಿಟ್ಟ ಮೂರು ತಿಂಗಳು

ಠಾಣೆಯ ಆಚೆ ಇರುವ ನಮ್ಮ ಠಾಕುರ್ಲಿ ಮನೆಯಲ್ಲಿ ಅನ್ನ ನಿಂತದ್ದೇ ನಿಂತದ್ದು, ನಗೆಪಾಟಲಿಗೆ ಮಾತ್ರ ಬರಗಾಲ ಬರಲಿಲ್ಲ. ನನಗೆ ಶುಗರ್ ಏರಿತ್ತು. ಮೂರು ತಿಂಗಳು ಅನ್ನ ಮುಟ್ಟಬೇಡಿ, ರಿಪೋರ್ಟ್ ಚೆನ್ನಾಗಿ ಬಂದರೆ ನೋಡೋಣ ಎಂದರು ಡಾಕ್ಟರು. ಕುಂದಾಪುರದವನಿಗೆ ಮೀನುಸಾರು ಇದ್ದೂ ಕುಚ್ಚಲಕ್ಕಿ ಅನ್ನ ಇಲ್ಲ ಅಂದರೆ ಏನು ಗತಿ? ಸತ್ಯ ಹೇಳುತ್ತೇನೆ, ಹೆಂಡತಿ ಬಾಣಂತನಕ್ಕೆ ಊರಿಗೆ ಹೋದಾಗಲೂ ನಾನು ಇಷ್ಟು ಹಂಬಲಿಸಿರಲಿಲ್ಲ.

೧. ಸಲಾಡು

ಮಗಳಿಗೆ ಘಣಸೋಲಿಯ ಆಫೀಸಿನಲ್ಲಿ ಕೆಲಸ. ನನ್ನ ಊಟದ ಉಸ್ತುವಾರಿ ಅವಳೇ ತೆಗೆದುಕೊಂಡಳು. ಬೇಯಿಸಿದ ಸಿಗಡಿ, ಮಳೆಗಾಲದ ಎಳೆ ಸೌತೆ, ದಾಳಿಂಬೆ, ಮೇಲೆ ಕೋಕಂ ಹುಳಿ ಹಿಂಡಿದ ತೆಂಗಿನ ಹಾಲು. "ಲೋ ಕಾರ್ಬ್ ಫ್ಯೂಷನ್ ಅಪ್ಪಯ್ಯ, ಸಬ್ ಸೀಸನಲ್ ಹೈ" ಎಂದಳು.

ರುಚಿಯೇನೋ ಇತ್ತು. ಎರಡು ನಿಮಿಷದಲ್ಲಿ ಖಾಲಿ ಮಾಡಿ, ತಟ್ಟೆ ಮುಂದಿಟ್ಟುಕೊಂಡು ಕೂತೆ. ಐದು ನಿಮಿಷ ಕಳೆಯಿತು. ಏನು ಬೇಕು ಎಂದು ಮಗಳು ಕೇಳಿದಳು. ಇನ್ನು ಊಟ ಬಡಿಸಬಹುದಲ್ಲ ಎಂದೆ.

"ಆಯ್ತಲ್ಲ ಊಟ" ಎಂದಳು ಹೆಂಡತಿ ಒಳಗಿಂದ. "ಕೈ ತೊಳ್ಕಣಿ."

೨. ಟಿಟ್ವಾಳಾ

ಒಂದು ಮಧ್ಯಾಹ್ನ ಠಾಣೆಯಿಂದ ಸ್ಲೋ ಲೋಕಲ್ ಹಿಡಿದೆ. ಮುಂಬ್ರಾ ದಾಟುತ್ತಲೇ ಎದುರಿನವನು ಡಬ್ಬಿ ಬಿಚ್ಚಿದ. ಬಿಸಿ ಅನ್ನ, ಬಂಗುಡೆ ಸಾರು. ಅವನು ಕಲಸುವುದು, ಉಂಡೆ ಮಾಡುವುದು, ಬಾಯಿಗಿಡುವುದು, ಎಲ್ಲ ನೋಡುತ್ತಾ ಕೂತೆ. ನಾಚಿಕೆ ಬಿಟ್ಟು ನೋಡಿದೆ. ಡೊಂಬಿವಲಿ ಹೋಯಿತು, ನನ್ನ ಠಾಕುರ್ಲಿಯೂ ಹೋಯಿತು, ಕಲ್ಯಾಣವೂ ಹೋಯಿತು. ಅವನು ಡಬ್ಬಿ ಮುಚ್ಚಿದಾಗ ಗಾಡಿ ಟಿಟ್ವಾಳಾದಲ್ಲಿತ್ತು.

ಅಷ್ಟರಲ್ಲಿ ಹೆಂಡತಿಯ ಫೋನು. ಟಿಟ್ವಾಳಾದ ಗಣಪತಿ ಗುಡಿ ಹೆಸರುವಾಸಿ. ಬಾಯಿಗೆ ಬಂದದ್ದು ಹೇಳಿದೆ, ಗಣಪತಿ ದರ್ಶನಕ್ಕೆ ಬಂದೆ ಅಂತ. ಅವಳಿಗೆ ಖುಷಿಯೋ ಖುಷಿ. ನಿಮ್ಮ ಶುಗರ್ ಇಳಿಯಲಿ ಎಂದು ಬೇಡಿಕೊಳ್ಳಿ, ಬರುವಾಗ ಪೇಡಾ ತನ್ನಿ ಎಂದಳು. ತಂದುಕೊಟ್ಟೆ. ತಾಯಿ ಮಗಳು ಇಬ್ಬರೂ ನನ್ನೆದುರೇ ಕೂತು ತಿಂದರು.

೩. ಕಾಣೆ

ಕೊನೆಗೂ ರಿಪೋರ್ಟ್ ಬಂತು, ಶುಗರ್ ಇಳಿದಿತ್ತು. ಭಾನುವಾರ ಮಧ್ಯಾಹ್ನ ಒಂದು ಮುಷ್ಟಿ ಅನ್ನ ಉಣ್ಣಬಹುದು ಎಂದರು ಡಾಕ್ಟರು. ಅನ್ನಕ್ಕೆ ತಕ್ಕ ಮೀನು ಬೇಡವೇ? ನನಗೆ ಬೇಕಾದದ್ದು ಕಾಣೆ, ಅನ್ನವಿಲ್ಲದೆ ತಿನ್ನಲು ಮನಸ್ಸಾಗದೆ ಮೂರು ತಿಂಗಳಿಂದ ಬಿಟ್ಟಿದ್ದ ಮೀನು. ನಮ್ಮ ಕಡೆ ಮೀನುಗಳಲ್ಲಿ ಅದೇ ರಾಜ. ಇಲ್ಲಿ ಎಲ್ಲ ಮಾರ್ಕೆಟ್ ಸುತ್ತಿದರೂ ಸಿಗಲಿಲ್ಲ. ಶನಿವಾರ ಕನ್ನಡ ಸಂಘದ ಗ್ರೂಪಿಗೆ ಬರೆದೆ: "ಅರ್ಜೆಂಟ್. ಕಾಣೆ. ತೆಳ್ಳಗೆ, ಬೆಳ್ಳಗೆ, ಉದ್ದ. ಎಲ್ಲಿ ಕಂಡರೂ ಕೂಡಲೇ ಫೋನ್ ಮಾಡಿ."

ನನ್ನ ಪ್ರೊಫೈಲಿನಲ್ಲಿರುವುದು ಹೆಂಡತಿಯ ಫೋಟೊ. ಅವಳೂ ತೆಳ್ಳಗೆ, ಬೆಳ್ಳಗೆ, ಉದ್ದ.

ಸಂಘದ ಕಾರ್ಯದರ್ಶಿಗಳು ಧಾರವಾಡದವರು, ಶುದ್ಧ ಸಸ್ಯಾಹಾರಿ. ಕೂಡಲೇ ಫೋನ್ ಮಾಡಿದರು. "ಯಾವಾಗಿಂದ ಕಾಣವಲ್ಲರು ರೀ?"

"ಮೂರು ತಿಂಗಳಾಯಿತು" ಎಂದೆ.

"ಮೂರು ತಿಂಗಳು! ಈಗ ಹೇಳ್ತೀರೇನ್ರೀ?"

"ಏನು ಮಾಡಲಿ, ಡಾಕ್ಟರು ಬಿಡಬೇಕಲ್ಲ. ನೀವು ಹುಡುಕಿಕೊಡಿ ಸಾಕು, ಮಸಾಲೆ ಹಚ್ಚಿ ಕಾವಲಿ ಮೇಲೆ ಹಾಕುತ್ತೇನೆ."

ಆ ಕಡೆ ಫೋನ್ ಕಟ್ಟಾಯಿತು.

ಮರುದಿನ ಮಧ್ಯಾಹ್ನ ಕಾಣೆ ಸಿಗದೆ ಮಗಳ ಸಲಾಡಿನ ಮುಂದೆ ಕೂತಿದ್ದೆ. ಕುಕ್ಕರಿನಲ್ಲಿ ಅಕ್ಕಿ ಇನ್ನೂ ಬೆಂದಿರಲಿಲ್ಲ. ಬೆಲ್ ಆಯಿತು. ಬಾಗಿಲು ತೆಗೆದವಳು ಹೆಂಡತಿ. ಹೊರಗೆ ಕಾರ್ಯದರ್ಶಿಗಳು, ಕೈಯಲ್ಲಿ ದೊಡ್ಡ ಡಬ್ಬಿ. ಅವಳನ್ನು ಕಂಡು ಗೋಡೆ ಹಿಡಿದುಕೊಂಡರು. ಹೆಂಡತಿ ಇಲ್ಲದ ಮನೆ, ದುಃಖಕ್ಕೆ ತಲೆ ಕೆಟ್ಟು ಏನೇನೋ ಬಡಬಡಿಸುತ್ತಾನೆ, ಗಂಡಸು ಪಾಪ ಉಪವಾಸ ಇದ್ದಾನು ಎಂದು ಬಿಸಿ ಅನ್ನ ಕಟ್ಟಿಸಿಕೊಂಡು ಬಂದಿದ್ದರು.

ಕಾಣೆ ಅಂದರೆ ಮೀನು ಎಂದು ತಿಳಿಸಲು ಹತ್ತು ನಿಮಿಷ ಬೇಕಾಯಿತು. ಹೆಂಡತಿ ಆ ಡಬ್ಬಿಯಿಂದಲೇ ತನ್ನ ಪುಟ್ಟ ಮುಷ್ಟಿಯಲ್ಲಿ ಒಂದು ಮುಷ್ಟಿ ಅನ್ನ ತೆಗೆದು ಸಲಾಡಿನ ಪಕ್ಕ ಇಟ್ಟಳು. ಕೋಕಂ ಬೆರೆತ ತೆಂಗಿನ ಹಾಲಿನಲ್ಲಿ ಕಲಸಿದೆ. ಸಲಾಡ್ ಹಾಳಾಯಿತು ಎಂದು ಮಗಳು ಗೊಣಗಿದಳು. ಮೊದಲ ತುತ್ತಿಗೇ ನನಗೆ ಅಳು ಬಂದುಬಿಟ್ಟಿತು, ತಡೆಯಲಾಗಲಿಲ್ಲ.

ಸಿಗಡಿಯ ವಾಸನೆಗೆ ದೂರ ನಿಂತಿದ್ದ ಕಾರ್ಯದರ್ಶಿಗಳ ಮನಸ್ಸು ಕರಗಿತು. "ನೋಡ್ರೀ ಅಕ್ಕಾರ, ನಿಮ್ಮ ಮ್ಯಾಲ ಎಷ್ಟು ಜೀವ ಇಟ್ಟಾರ" ಎಂದರು.

"ನನ್ನ ಮೇಲಲ್ಲ ಮಾರಾಯ್ರೆ" ಎಂದಳು ಹೆಂಡತಿ, ಡಬ್ಬಿಯ ಮುಚ್ಚಳ ಬಿಗಿಯುತ್ತಾ. "ಅದು ಅನ್ನದ ಮೇಲೆ."