ಬಾಲ್ಕನಿಯಿಂದ ಕೊಟ್ಟ ಸಲಹೆಗಳು

ಬೇರೆಯವರು ತಿಣುಕುವುದನ್ನು ಕೈಕಟ್ಟಿಕೊಂಡು ನೋಡುವುದು ನನ್ನಿಂದಾಗದ ಕೆಲಸ. ಲಿಫ್ಟಿನಲ್ಲಿ ಎರಡೂ ಕೈಯಲ್ಲಿ ಚೀಲ ಹಿಡಿದವರನ್ನು ಕಂಡರೆ ಅವರು ಬಾಯಿ ಬಿಡುವ ಮೊದಲೇ ಗುಂಡಿ ಒತ್ತಿಬಿಡುತ್ತೇನೆ. ಸಾಮಾನ್ಯವಾಗಿ ಅದು ಬೇರೆ ಮಹಡಿಯದಾಗಿರುತ್ತದೆ. ದೆಹಲಿಯ ಪಕ್ಕದ ನೋಯ್ಡಾದ ಆಫೀಸಿನಲ್ಲಿ ಈ ಗುಣಕ್ಕೆ ಸಂಬಳ ಸಿಗುತ್ತದೆ, ಇಂದಿರಾಪುರಂನ ಮನೆಯಲ್ಲಿ ಬೈಗುಳ. ಐದು ವರ್ಷದ ಮಗಳು ಅನ್ವಿ ಚಿತ್ರದ ತುಂಡುಗಳನ್ನು ಜೋಡಿಸಲು ಕೂತರೆ ಕೊನೆಯ ತುಂಡು ಇಡುವವನು ನಾನೇ. “ಅವಳೇ ಯೋಚಿಸೋಕೆ ಎರಡು ನಿಮಿಷ ಬಿಡ್ರೀ” ಎನ್ನುತ್ತಾಳೆ ಹೆಂಡತಿ ಸುಮನಾ. ಬಿಡುತ್ತೇನೆ. ನನ್ನ ಎರಡು ನಿಮಿಷ ಹನ್ನೊಂದು ಸೆಕೆಂಡಿಗೆ ಮುಗಿಯುತ್ತದಂತೆ, ಅವಳು ಗಡಿಯಾರ ನೋಡಿ ಹೇಳಿದ್ದು.

ಕಳೆದ ಚಳಿಗಾಲದಲ್ಲಿ ಸುಮನಾ ದಾವಣಗೆರೆಯ ತಂಗಿಯ ಮನೆಗೆ ಹೋಗಿದ್ದಳು. ಭಾನುವಾರ ಬೆಳಿಗ್ಗೆ ಕಾಫಿಗೆ ಹಾಲಿಟ್ಟು, ಒಗೆದ ಬಟ್ಟೆ ಹರವಲು ಬಾಲ್ಕನಿಗೆ ಹೋದೆ. ಥಂಡಿ ಗಾಳಿ ಒಳಗೆ ನುಗ್ಗದಿರಲೆಂದು ಬಾಗಿಲೆಳೆದುಕೊಂಡೆ. ಒಳಗಿನ ಚಿಲಕ ತಾನಾಗಿ ಬಿತ್ತು. ನಮ್ಮದು ಒಂಬತ್ತನೇ ಮಹಡಿ. ಫೋನು ಒಳಗೆ, ಹಾಲು ಒಲೆಯ ಮೇಲೆ, ಗಾಜಿನಾಚೆ ಅನ್ವಿ.

“ಕುರ್ಚಿ ತಾ! ಅದಲ್ಲ, ಸ್ಟೂಲು! ಹತ್ತು! ಬೇಡ, ಬೀಳ್ತೀಯ, ಇಳಿ! ಅಡುಗೆಮನೆಗೆ ಮಾತ್ರ ಹೋಗ್ಬೇಡ!” ಸ್ಟೂಲು ಹತ್ತಿದರೂ ಚಿಲಕ ಅವಳ ಕೈಗೆ ಒಂದು ಗೇಣು ಮೇಲೆ. ನಾನು ಇನ್ನೂ ನಾಲ್ಕು ಸಲಹೆ ಕೂಗಿದೆ. ಅವಳ ಮುಖ ಅಳುವಂತಾಯಿತು. ಇಳಿದು ಒಳಗೆ ಓಡಿದಳು.

ಮತ್ತೆ ಕಾಣಲಿಲ್ಲ. ಹಾಲು ಸೀದ ವಾಸನೆ ಕಿಟಕಿಯ ಸಂದಿಯಿಂದ ಬಂತು. ಒಲೆ ಆರಿಸಲು ಹೋದಳೇನೋ ಎಂದು ಗಾಬರಿಯಾಗಿ ಹೆಸರು ಹಿಡಿದು ಕೂಗಿದೆ, ಗಾಜು ಬಡಿದೆ.

ಕೊನೆಗೆ ಮುಂಬಾಗಿಲು ತೆರೆದ ಸದ್ದು, ಆಮೇಲೆ ಅನ್ವಿಯ ದನಿ: “ಭಯ್ಯಾ, ಪೆಹಲೇ ಗ್ಯಾಸ್!” ಗೇಟಿನ ಕಾವಲುಗಾರ ಮೊದಲು ಅಡುಗೆಮನೆಗೆ ಹೋಗಿ ಒಲೆ ಆರಿಸಿ, ಬಂದು ಚಿಲಕ ತೆಗೆದ. “ಸಾಬ್, ಬಿಟಿಯಾ ನೇ ಇಂಟರ್‌ಕಾಮ್ ಕಿಯಾ” ಎಂದು ನಕ್ಕ, ಮಗಳೇ ಗೇಟಿಗೆ ಫೋನು ಮಾಡಿ ಕರೆದಿದ್ದಳಂತೆ. ಮನೆಯಲ್ಲಿ ಇಂಟರ್‌ಕಾಮ್ ಇರುವುದೇ ನನಗೆ ಹೊಳೆದಿರಲಿಲ್ಲ.

ಅವನು ಹೋದ ಮೇಲೆ ಮಗಳನ್ನು ಎತ್ತಿಕೊಂಡು ಕೇಳಿದೆ, “ನಾನು ಅಷ್ಟು ಕರೀತಿದ್ರೂ ಯಾಕೆ ಓಡಿಹೋದೆ ಪುಟ್ಟಾ?”

“ನೀನು ಬಹುತ್ ಕಿರುಚ್ತಿದ್ದೆ ಪಪ್ಪಾ. ನಂಗೆ ಯೋಚ್ನೆ ಮಾಡಕ್ಕೆ ಆಗ್ಲಿಲ್ಲ. ಅದಕ್ಕೇ ದೂರ ಹೋದೆ.”

ಸಂಜೆ ಸುಮನಾಗೆ ಫೋನಿನಲ್ಲಿ ಎಲ್ಲವನ್ನೂ ವಿವರವಾಗಿ ಹೇಳಿದೆ, ಸೀದ ಪಾತ್ರೆಯನ್ನೂ ಮುಚ್ಚಿಡಲಿಲ್ಲ. ಮಗಳ ಆ ಮಾತೊಂದನ್ನು ಮಾತ್ರ ಬಿಟ್ಟೆ.