ನಮ್ಮೂರ ಬಂಡೆಯ ಮೇಲೆ ಅಳುತ್ತಿರುವ ಹಿಮನದಿಗೆ

ಚಿಕ್ಕಜಾಲ,
ವೈಶಾಖ ಮಾಸ, ೧೯೫೯

ಊರ ಹಿಂದಿನ ಬಂಡೆಯ ಮೇಲೆ ದಯಮಾಡಿಸಿರುವ ಮಾನ್ಯ ಹಿಮನದಿಯವರೇ,

ದ್ರಾಕ್ಷಿ ತೋಟದ ಅಶ್ವತ್ಥಪ್ಪನೆಂಬ ನಾನು, ತಮ್ಮ ಪಾದಗಳು ಯಾವ ಕಡೆಗಿವೆ ಎಂದು ತಿಳಿಯದ ಕಾರಣ ಅಂದಾಜಿನ ಮೇಲೆ ಯಲಹಂಕದ ದಿಕ್ಕಿಗೆ ಕೈಮುಗಿದು ಮಾಡಿಕೊಳ್ಳುವ ಅರಿಕೆ ಏನೆಂದರೆ, ತಾವು ಪಟೇಲರನ್ನೂ ಶಾನುಭೋಗರನ್ನೂ ಒಂದು ಮಾತು ಕೇಳದೆ ನಮ್ಮ ಬಂಡೆಯ ಮೇಲೆ ಬಂದು ಮಲಗಿದ್ದಕ್ಕೆ ನನ್ನ ತಕರಾರೇನೂ ಇಲ್ಲ. ತಮ್ಮಂಥವರು ಹಿಮಾಲಯದಲ್ಲಿ ಇರತಕ್ಕವರೆಂದು ಶಾಲೆಯ ಮೇಷ್ಟ್ರು ಹೇಳಿದರು. ನಂದಿಬೆಟ್ಟಕ್ಕೆ ಹೊರಟವರು ದಾರಿ ತಪ್ಪಿ ಇಲ್ಲಿ ಇಳಿಯುವುದು ಹೊಸದಲ್ಲವಾದ್ದರಿಂದ ನಾವು ಸುಮ್ಮನಿದ್ದೆವು. ಈ ಸುಡುಬಿಸಿಲಿನಲ್ಲೂ ಕರಗದೆ ಇರುವ ತಮ್ಮ ಹಟವನ್ನು ಕಂಡು ಮೆಚ್ಚಿಕೊಂಡದ್ದೂ ಉಂಟು.

ನನ್ನ ದೂರು ತಮ್ಮ ದನಿಯ ಬಗ್ಗೆ. ಮೊದಲು ನಿಟ್ಟುಸಿರು, ಆಮೇಲೆ ನರಳಿಕೆ, ಕಡೆಗೆ ಎದೆ ಬಿರಿಯುವ ಹಾಗೆ ಒಂದು ಗೋಳು. ಅಬ್ಬಬ್ಬಾ! ಏಳೂರಿಗೆ ಕೇಳುವಂತೆ ಅಳುವ ಈ ವಿದ್ಯೆಯನ್ನು ತಾವು ಯಾವ ಗುರುಗಳಲ್ಲಿ ಕಲಿತಿರೋ, ಅವರಿಗೂ ನನ್ನ ನಮಸ್ಕಾರಗಳು.

ನಮ್ಮಲ್ಲಿ ಅಳು ಕೇಳಿದ ಮನೆಗೆ ಸುಮ್ಮನೆ ಬೆನ್ನು ಹಾಕುವಂತಿಲ್ಲ. ಸಾವಾದ ಮನೆಯವರು ಒಲೆ ಹಚ್ಚಬಾರದು, ಅಕ್ಕಪಕ್ಕದವರೇ ಅನ್ನ ಒಯ್ದು ಉಣ್ಣಿಸಬೇಕು. ನನ್ನ ಹೆಂಡತಿ ಸೊಣ್ಣಮ್ಮ, “ಪಾಪ, ಯಾರ್ನ ಕಳ್ಕಂಡೈತೋ ಏನೋ, ಇಂಗೇ ಬಿಟ್ರೆ ಎಂಗೆ?” ಎಂದು ಬಿಸಿ ಮುದ್ದೆಯನ್ನೂ ಹುರುಳಿ ಸಾರನ್ನೂ ಹೊತ್ತು ಬಂಡೆ ಹತ್ತಿದಳು. ಮುದ್ದೆ ತಮ್ಮ ಮೈಯಲ್ಲಿ ಗುಳಿ ಮಾಡಿಕೊಂಡು ಇಳಿದುಹೋಯಿತು. ಅಗಿಯದೆ ನುಂಗಿದ್ದನ್ನು ಕಂಡು, ಇದು ನಮ್ಮ ಕಡೆಯದೇ ಎಂದು ಹೆಂಗಸರೆಲ್ಲ ತೀರ್ಮಾನಿಸಿದರು. ಅಂದಿನಿಂದ ಸರದಿಯ ಮೇಲೆ ಹೋಗಿ, “ಯಾಕವ್ವಾ ಅಳ್ತೀಯಾ, ನಿಂಗೇನಾಯ್ತವ್ವಾ” ಎಂದು ತಮ್ಮ ಮಗ್ಗುಲಲ್ಲಿ ಕುಳಿತು ಕೇಳುತ್ತಿದ್ದಾರೆ. ನಮ್ಮ ಮನೆಯ ಸಾರಿಗೆ ಉಪ್ಪು ಬಿತ್ತೋ ಇಲ್ಲವೋ ಎಂದು ಕೇಳುವವರಿಲ್ಲ.

ಇದನ್ನೂ ಹೊಟ್ಟೆಗೆ ಹಾಕಿಕೊಳ್ಳುತ್ತಿದ್ದೆ. ಆದರೆ ತಾವು ಕೈ ಇಟ್ಟದ್ದು ನನ್ನ ಮಗಳು ಕೆಂಪಿಯ ಮದುವೆಗೆ. ನಾಗಸಂದ್ರದ ಚಿಕ್ಕಬೈರಪ್ಪನವರು ಹೆಣ್ಣು ನೋಡಲು ಬರುವವರಿದ್ದರು. ಅವರಿಗೆ ಇದು ಎರಡನೆಯ ಸಂಬಂಧ, ಮೀಸೆಯೂ ನನ್ನದಕ್ಕಿಂತ ಮೊದಲೇ ಬೆಳ್ಳಗಾಗಿದೆ. ಆದರೇನಂತೆ, ಇಟ್ಟಿಗೆ ಗೂಡಿದೆ, ಲಾರಿಯಿದೆ, ಮಗಳು ಉಟ್ಟುಂಡು ಸುಖವಾಗಿರುತ್ತಾಳೆ ಎಂದು ನಾನು ಹಿಗ್ಗಿದ್ದೆ. ಅವರ ಲಾರಿ ನಮ್ಮ ತೋಟದ ಬಾಗಿಲಿಗೆ ಬರುವುದಕ್ಕೂ ತಾವು ಗೋಳಿಡುವುದಕ್ಕೂ ಸರಿಹೋಯಿತು. “ಅಳು ಕೇಳಿದ್ ಮ್ಯಾಕೆ ಒಸ್ಲು ದಾಟಬಾರ್ದು ಕಣಪ್ಪಾ, ಇನ್ನೊಂದಿನ ನೋಡಾನ” ಎಂದವರೇ ನೀರೂ ಮುಟ್ಟದೆ ಹಿಂದಿರುಗಿದರು. ಮತ್ತೊಂದು ಒಳ್ಳೆಯ ದಿನ ನೋಡಿ ಬಂದಾಗಲೂ ಅದೇ ಕಥೆ. ಎರಡು ಸಲವೂ ಕೇಸರಿಬಾತನ್ನು ನಾವೇ ತಿಂದೆವು.

ಆಮೇಲೆ ನಾನೇ ಬಂಡೆ ಹತ್ತಿ ಬಂದು ಬೇಡಿಕೊಂಡದ್ದು ತಮಗೆ ನೆನಪಿರಬಹುದು. ಅಳಲೇಬೇಕಾದರೆ ರಾಹುಕಾಲದಲ್ಲಿ ಅಳಿ, ಹೇಗೂ ಆಗ ಯಾರೂ ಬರುವುದಿಲ್ಲ. ಇಲ್ಲವೇ ಹೆಬ್ಬಾಳದ ಕೆರೆಯ ಕಡೆಗೆ ತುಸು ಜರುಗಿ. ಅದೂ ಆಗದಿದ್ದರೆ ಒಂದು ದಿನದ ಮಟ್ಟಿಗೆ ನಕ್ಕುಬಿಡಿ ಎಂದಿದ್ದೆ. ತಾವು ದೊಡ್ಡವರು. ಮೂರನೆಯ ಸಲ ಅವರು ಬಂದಾಗ ತಾವು ತುಟಿ ಬಿಚ್ಚಲಿಲ್ಲ.

ಅವರು ಹೊಸಿಲು ದಾಟಿದರು, ಜಮಖಾನದ ಮೇಲೆ ಕುಳಿತರು, ಕೇಸರಿಬಾತು ಚೆನ್ನಾಗಿದೆ ಎಂದರು. ಅಷ್ಟರಲ್ಲಿ ರಾಗಿ ಚೀಲದ ಕೋಣೆಯಿಂದ ಅಳು ಕೇಳಿಸಿತು. ತಮ್ಮದೇ ಎಂದುಕೊಂಡು ಕಿಟಕಿಯಲ್ಲಿ ನೋಡಿದರೆ ತಾವು ಬಂಡೆಯ ಮೇಲೆ ಬಿಸಿಲು ಕಾಯಿಸಿಕೊಳ್ಳುತ್ತ ತೆಪ್ಪಗಿದ್ದಿರಿ. ಅಳುತ್ತಿದ್ದವಳು ಕೆಂಪಿ. ಇನ್ನೇನು ಇವರು ಎದ್ದರು ಎಂದು ನನ್ನ ಜೀವ ಬಾಯಿಗೆ ಬಂತು. ಚಿಕ್ಕಬೈರಪ್ಪನವರು ಏಳಲಿಲ್ಲ. “ಮದ್ವೆ ಎಣ್ಣು ಅಳೋದು ಒಳ್ಳೇ ಲಕ್ಸಣ ಕಣಣ್ಣಾ” ಎಂದು ನಕ್ಕು, ಇನ್ನೊಂದಿಷ್ಟು ಕೇಸರಿಬಾತು ಹಾಕಿಸಿಕೊಂಡರು. ನಾನೂ ನಕ್ಕೆ. ಶುಕ್ರವಾರ ಒಪ್ಪಿಗೆ ವೀಳ್ಯ ಎಂದು ಮಾತು ಕೊಟ್ಟೆ.

ಅವರು ಹೋದ ಮೇಲೆ ಕೋಣೆಯ ಬಾಗಿಲಲ್ಲಿ ನಿಂತೆ. ಕೆಂಪಿ ಸೆರಗಿನಲ್ಲಿ ಮೂಗೊರೆಸಿಕೊಂಡು, “ಅವ್ರು ಬಂದಾಗೆಲ್ಲ ಇಲ್ಲೇ ಕುಂತು ಅಳ್ತಿದ್ದೆ ಕಣಪ್ಪಾ. ನಾನ್ ಸುರು ಮಾಡಿದ್ ಮ್ಯಾಕೆ ಅದು ದನಿ ಕೂಡಿಸ್ತಿತ್ತು” ಎಂದಳು. ಬಂಡೆಯ ಮೇಲಿನ ಮಂಜುಗಡ್ಡೆಗೆ ಊರಿಗೆ ಊರೇ ಮುದ್ದೆ ಹೊತ್ತಿತು, ಯಾಕವ್ವಾ ಎಂದು ಕೇಳಿತು. ಎತ್ತಿ ಆಡಿಸಿದ ಈ ಮಗುವನ್ನು ನಾವು ಯಾರೂ ಕೇಳಿರಲಿಲ್ಲ.

ಆದ್ದರಿಂದ ಮಾನ್ಯರೇ, ಮೇಲೆ ಹೇಳಿದ ದೂರನ್ನೆಲ್ಲ ಹಿಂದಕ್ಕೆ ಪಡೆದು, ತಮ್ಮಲ್ಲಿ ಒಂದೇ ಒಂದು ಬೇಡಿಕೆ ಇಡುತ್ತಿದ್ದೇನೆ. ಕೊಟ್ಟ ಮಾತನ್ನು ನಾನು ಮುರಿದರೆ ನಾಗಸಂದ್ರದಿಂದ ದಾಸರಹಳ್ಳಿಯವರೆಗೆ ನನ್ನ ಮುಖಕ್ಕೆ ಉಗಿಯುತ್ತಾರೆ. ಅಪಶಕುನವಾಗಿ ಮುರಿದರೆ ಯಾರ ತಪ್ಪೂ ಅಲ್ಲ. ನಮ್ಮ ಹುಡುಗಿಯ ಅಳು ಅವರಿಗೆ ಲಕ್ಷಣ, ತಮ್ಮದಾದರೆ ಅಪಶಕುನ. ಶುಕ್ರವಾರ ಬೆಳಗ್ಗೆ ಲಾರಿಯ ಧೂಳು ಕಂಡ ಕೂಡಲೇ ಅಳಿ, ಸ್ವಾಮಿ. ಹಿಂದೆಂದೂ ಅಳದ ಹಾಗೆ, ಹೆಂಚು ಹಾರಿಹೋಗುವ ಹಾಗೆ ಅಳಿ.

ತಮ್ಮ ಕಣ್ಣೀರನ್ನೇ ನಂಬಿ ಕುಳಿತಿರುವ,
ತಮ್ಮ ವಿಶ್ವಾಸಿ,
ದ್ರಾಕ್ಷಿ ತೋಟದ ಅಶ್ವತ್ಥಪ್ಪ

ತಾಜಾ ಕಲಂ: ಹಿಮಾಲಯದವರ ಬಿಂಕ ನನಗೆ ಗೊತ್ತು, ಬೇಡವೆಂದಾಗ ಅತ್ತು, ಬೇಕೆಂದಾಗ ಮೌನವ್ರತ ಹಿಡಿಯುತ್ತೀರಿ. ಹಾಗೇನಾದರೂ ಆದರೆ ಶುಕ್ರವಾರ ತೋಟದ ಬಾಗಿಲಿಗೆ ಅಡ್ಡಲಾಗಿ ನಾನೇ ಕುಳಿತು ಅಳುತ್ತೇನೆ. ಅಳುವ ಗಂಡಸನ್ನು ನಂಬಬಾರದು ಎಂಬ ಗಾದೆ ನಾಗಸಂದ್ರದವರಿಗೂ ಗೊತ್ತಿರುತ್ತದೆ. ನನಗೆ ಅತ್ತು ಅಭ್ಯಾಸವಿಲ್ಲ. ನಾಳೆ ಬಂಡೆ ಹತ್ತಿ ಬರುತ್ತೇನೆ, ದಯವಿಟ್ಟು ಹೇಳಿಕೊಡಿ.